ಮತ್ತೆ ಮರಳಿನ ಅರಮನೆಗೆ: ಹಳೆಯ ಪ್ಲೇಸ್ಟೇಷನ್ ಆಟವನ್ನು ಎರಡನೆಯ ಸಲ ಆಡುವವರಿಗೊಂದು ಮಾರ್ಗದರ್ಶಿ

ಹೋದ ದೀಪಾವಳಿಗೆ ಮನೆಗೆ ಸುಣ್ಣಬಣ್ಣ ಮಾಡಿಸಲೆಂದು ಅಟ್ಟ ಖಾಲಿ ಮಾಡುವಾಗ, ಹಿತ್ತಾಳೆ ಪಾತ್ರೆಗಳ ಹಿಂದೆ ಹಳೆಯ ಚಾದರದಲ್ಲಿ ಸುತ್ತಿಟ್ಟಿದ್ದ, ಟಿವಿಗೆ ಜೋಡಿಸಿ ಆಡುವ ನನ್ನ ಆಟದ ಯಂತ್ರ ಪ್ಲೇಸ್ಟೇಷನ್ 2 ಸಿಕ್ಕಿತು. ಅಕ್ಕನ ಮಗ ಅದನ್ನು ತಿರುಗಿಸಿ ಮುರುಗಿಸಿ ನೋಡಿ, "ಮಾಮಾ, ಇದೇನ್ರಿ, ಹಳೇ ಸೆಟ್‌ಟಾಪ್ ಬಾಕ್ಸ್ ಏನು?" ಎಂದು ಕೇಳಿದ. ಅದರೊಳಗೆ ಇನ್ನೂ ಕುಳಿತಿದ್ದ ಡಿಸ್ಕು 'ಪ್ರಿನ್ಸ್ ಆಫ್ ಪರ್ಷಿಯಾ: ದಿ ಸ್ಯಾಂಡ್ಸ್ ಆಫ್ ಟೈಮ್'. ಯೂಬಿಸಾಫ್ಟ್ ಸಂಸ್ಥೆಯ ಮಾಂಟ್ರಿಯಲ್ ಸ್ಟುಡಿಯೊ ರೂಪಿಸಿದ, 2003ರ ನವೆಂಬರಿನಲ್ಲಿ ಬಿಡುಗಡೆಯಾದ ಈ ಸಾಹಸದ ಆಟವನ್ನು ಕಾಲೇಜಿನ ದಿನಗಳಲ್ಲಿ ಆಡಿ ಮುಗಿಸಿದವರು ವಿಜಯಪುರದಲ್ಲಿ ನಾನೊಬ್ಬನೇ ಅಲ್ಲ. ತಾಸಿಗೆ ಇಷ್ಟೆಂದು ಕೊಟ್ಟು ಗೇಮ್ ಅಂಗಡಿಯ ಬೆಂಚಿನ ಮೇಲೆ ಕುಳಿತು ಆಡಿದವರೇ ಹೆಚ್ಚು. ಅಂಥವರು ಇಂದು ಇದಕ್ಕೆ ಮರಳಬೇಕೆಂದರೆ ಏನೇನು ಮಾಡಬೇಕು, ಎಲ್ಲಿ ಎಡವುತ್ತಾರೆ, ಯಾವುದಕ್ಕೆ ಸಮಯ ಕೊಡಬೇಕು, ಯಾವುದನ್ನು ಬೇಗ ದಾಟಬೇಕು ಎಂಬುದನ್ನು ನಾನು ಮೂರು ವಾರ ಪಟ್ಟ ಪಾಡಿನಿಂದ ಇಲ್ಲಿ ಬರೆಯುತ್ತಿದ್ದೇನೆ.

ನನ್ನ ಅಭಿಪ್ರಾಯವನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು. ಈ ಆಟದಲ್ಲಿ ಇಂದಿಗೂ ಹೊಳಪು ಕಳೆದುಕೊಳ್ಳದೆ ಉಳಿದಿರುವ ಸಂಗತಿಗಳು ಎರಡು: ಗೋಡೆಗಳ ಮೇಲಿನ ಓಟ ಮತ್ತು ಕಥೆ ಹೇಳುವ ಧ್ವನಿ. ಕಾಳಗದ ಭಾಗ ಆಗಲೂ ಸಾಧಾರಣವಾಗಿತ್ತು, ಈಗಂತೂ ಉದ್ದವೆನಿಸುತ್ತದೆ. ಆದ್ದರಿಂದ ಕೆಳಗಿನ ಎಲ್ಲ ಸಿದ್ಧತೆಯೂ ಆ ಎರಡಕ್ಕೆ ಅಡ್ಡಿ ಬರದಂತೆ ನೋಡಿಕೊಳ್ಳುವುದಕ್ಕಾಗಿ ಇದೆ.

ಯಾವ ಯಂತ್ರದಲ್ಲಿ ಆಡಬೇಕು

ಆಟ ಪ್ಲೇಸ್ಟೇಷನ್ 2, ಎಕ್ಸ್‌ಬಾಕ್ಸ್, ಗೇಮ್‌ಕ್ಯೂಬ್ ಮತ್ತು ಕಂಪ್ಯೂಟರಿಗೆ ಬಂದಿತ್ತು. ಮನೆಯಲ್ಲಿ ಡಿಸ್ಕ್ ಹಾಕುವ ಎಕ್ಸ್‌ಬಾಕ್ಸ್ ಒನ್ ಇದ್ದರೆ ಮೂಲ ಎಕ್ಸ್‌ಬಾಕ್ಸಿನ ಹಳೆಯ ಡಿಸ್ಕು ಅದರಲ್ಲಿ ಓಡುತ್ತದೆ. 2017ರಲ್ಲಿ ಈ ಸೌಲಭ್ಯ ಪಡೆದ ಮೊದಲ ಹದಿಮೂರು ಆಟಗಳಲ್ಲಿ ಇದೂ ಒಂದು. ಪ್ಲೇಸ್ಟೇಷನ್ 3ಕ್ಕೆ ಎಚ್‌ಡಿ ರೂಪ ಬಂದಿದೆ. ಕಂಪ್ಯೂಟರಿನ ಆವೃತ್ತಿ ಸ್ಟೀಮ್ ಮತ್ತು ಜಿಒಜಿ ಎಂಬ ಅಂತರ್ಜಾಲದ ಅಂಗಡಿಗಳಲ್ಲಿ ಅಗ್ಗದ ದರಕ್ಕೆ ಸಿಗುತ್ತದೆ, ಆದರೆ ಕೀಬೋರ್ಡಿನಲ್ಲಿ ಆಡುವುದು ನನ್ನ ಮಟ್ಟಿಗೆ ಕೈಗೆ ಶಿಕ್ಷೆ. ಸಂಸ್ಥೆ 2020ರಲ್ಲಿ ಇದರ ಮರುರೂಪವನ್ನು ಘೋಷಿಸಿ ಮೇಲಿಂದ ಮೇಲೆ ಮುಂದಕ್ಕೆ ಹಾಕಿ, ಕೊನೆಗೆ 2026ರಲ್ಲಿ ಕೈಬಿಟ್ಟಿತು, ಆದ್ದರಿಂದ ಅದಕ್ಕಾಗಿ ಕಾಯುತ್ತ ಕೂಡುವುದು ಬೇಡ.

ಮೊದಲ ಸಲ ಪ್ಲೇಸ್ಟೇಷನ್ 2ರಲ್ಲಿ ಆಡಿದ್ದರೆ ಅದರಲ್ಲೇ ಆಡಿರಿ ಎಂಬುದು ನನ್ನ ಸಲಹೆ. ಕಾರಣ ಭಾವುಕತೆಯಲ್ಲ, ಯಾವ ಗುಂಡಿ ಎಲ್ಲಿದೆ ಎಂಬ ನೆನಪು ತಲೆಯಲ್ಲಿ ಇರದೆ ಹೆಬ್ಬೆರಳಿನಲ್ಲಿ ಇರುತ್ತದೆ, ಬೇರೆ ಕಂಟ್ರೋಲರ್ ಹಿಡಿದರೆ ಆ ನೆನಪು ಕೆಲಸಕ್ಕೆ ಬಾರದು. ಇನ್ನು ನಮ್ಮಲ್ಲಿ ಹಲವರು ಆಗ ಆಡಿದ್ದು ಅಸಲಿಯಲ್ಲದ ಡಿಸ್ಕೂ ಓಡುವಂತೆ ಚಿಪ್ ಕೂಡಿಸಿದ ಯಂತ್ರದಲ್ಲಿ, ನಕಲು ಡಿಸ್ಕಿನಲ್ಲಿ ಎಂಬುದನ್ನು ಮುಚ್ಚಿಡುವುದರಲ್ಲಿ ಅರ್ಥವಿಲ್ಲ. ಮನೆಯಲ್ಲಿ ಬರೆದ ಆ ಡಿವಿಡಿಗಳ ಬಣ್ಣದ ಪದರು ವರುಷ ಕಳೆದಂತೆ ಕೆಡುತ್ತದೆ, ಹಳೆಯ ಲೆನ್ಸಿಗೆ ಅವನ್ನು ಓದುವುದು ಕಷ್ಟವೂ ಹೌದು. ಬಳಸಿದ್ದಾದರೂ ಸರಿ, ಅಸಲಿ ಡಿಸ್ಕನ್ನೇ ಕೊಳ್ಳಿರಿ. ನಮ್ಮ ದೇಶದ ಟಿವಿ ಪದ್ಧತಿ ಪಾಲ್ ಆಗಿದ್ದರಿಂದ ಇಲ್ಲಿ ಮಾರಾಟವಾದ ಯಂತ್ರಗಳಿಗೆ ಪಾಲ್ ಡಿಸ್ಕೇ ಬೇಕು. ಅಮೆರಿಕದಿಂದ ಯಾರೋ ತಂದುಕೊಟ್ಟ ಡಿಸ್ಕು ಚಿಪ್ಪಿಲ್ಲದ ಯಂತ್ರದಲ್ಲಿ ಓಡುವುದಿಲ್ಲ. ಯಂತ್ರವೇ ಕೈಕೊಟ್ಟಿದ್ದರೆ ಪಿಸಿಎಸ್‌ಎಕ್ಸ್2 ಎಂಬ ಎಮ್ಯುಲೇಟರ್ (ಹಳೆಯ ಯಂತ್ರವನ್ನು ಅನುಕರಿಸುವ) ತಂತ್ರಾಂಶದಿಂದ ಕಂಪ್ಯೂಟರಿನಲ್ಲಿ ಅದೇ ಡಿಸ್ಕನ್ನು ಆಡಬಹುದು, ಆದರೆ ಅದಕ್ಕೆ ನಿಮ್ಮದೇ ಯಂತ್ರದಿಂದ ತೆಗೆದ ಬಯಾಸ್ ಕಡತ, ಅಂದರೆ ಯಂತ್ರವನ್ನು ಆರಂಭಿಸುವ ಮೂಲ ತಂತ್ರಾಂಶ, ಬೇಕಾಗುತ್ತದೆ.

ಕರೆಂಟಿನ ವಿಷಯ

ವರುಷಗಟ್ಟಲೆ ಮುಚ್ಚಿಟ್ಟ ಯಂತ್ರವನ್ನು ತೆಗೆದ ಕೂಡಲೇ ಪಿನ್ನು ಚುಚ್ಚಬಾರದು. ಮೊದಲು ತಿರುಗಿಸಿ ಕೆಳಗಿನ ಚೀಟಿಯನ್ನು ಓದಿರಿ. ದಪ್ಪ ಮಾದರಿಯಾದರೆ ವಿದ್ಯುತ್ ಘಟಕ ಒಳಗೇ ಇರುತ್ತದೆ, ಹಿಂಬದಿಯಲ್ಲಿ ಒಂದು ಮುಖ್ಯ ಸ್ವಿಚ್ಚೂ ಇರುತ್ತದೆ. ಅದನ್ನು ಮರೆತು "ಸತ್ತಿದೆ" ಎಂದು ತೀರ್ಮಾನಿಸಿದವರನ್ನು ನಾನು ಬಲ್ಲೆ. ಚೀಟಿಯಲ್ಲಿ 220ರಿಂದ 240 ವೋಲ್ಟ್ ಎಂದಿದ್ದರೆ ನೇರವಾಗಿ ಹಚ್ಚಬಹುದು. ಅಮೆರಿಕ ಅಥವಾ ಜಪಾನಿನ ದಪ್ಪ ಮಾದರಿಯನ್ನು ನಮ್ಮ ಗೋಡೆಯ ಪ್ಲಗ್ಗಿಗೆ ಹಚ್ಚಿದರೆ ಸುಟ್ಟುಹೋಗುತ್ತದೆ. ತೆಳು ಮಾದರಿಯಲ್ಲಿ 70000ದಿಂದ 79000ದವರೆಗಿನ ಸಾಲಿನವುಗಳಿಗೆ ಹೊರಗಿನ ಅಡಾಪ್ಟರ್ ಬೇಕು, ಅದು 8.5 ವೋಲ್ಟಿನದು. ಕೊನೆಗೆ ಬಂದ 90000 ಸಾಲಿನಲ್ಲಿ ಅಡಾಪ್ಟರ್ ಮತ್ತೆ ಒಳಗೆ ಸೇರಿತು.

ನನ್ನದು ಅಡಾಪ್ಟರಿನ ಮಾದರಿ, ಆದರೆ ಅಡಾಪ್ಟರ್ ಮಾತ್ರ ಆ ಚಾದರದಲ್ಲಿ ಇರಲಿಲ್ಲ. ಅವಸರಕ್ಕೆ ಸಿಸಿಟಿವಿ ಕ್ಯಾಮರಾದ 12 ವೋಲ್ಟಿನದನ್ನು ಹಚ್ಚಲು ಹೊರಟಿದ್ದೆ. ಪಿನ್ನು ಹೊಂದಲಿಲ್ಲವಾದ್ದರಿಂದ ಯಂತ್ರ ಉಳಿಯಿತು. ಬೇರೆ ಅಡಾಪ್ಟರ್ ಕೊಳ್ಳುವಾಗ ವೋಲ್ಟ್ ಸರಿಯಾಗಿ ಹೊಂದಬೇಕು, ಆಂಪಿಯರ್ ಮೂಲದಷ್ಟು ಅಥವಾ ಅದಕ್ಕಿಂತ ಹೆಚ್ಚಿರಬೇಕು. ಅಂಗಡಿಯವರು "ಇದೂ ನಡೀತೈತ್ರಿ" ಎಂದರೂ ಅಕ್ಷರ ಓದದೆ ದುಡ್ಡು ಕೊಡಬೇಡಿರಿ.

ನಮ್ಮ ಕಡೆ ಬೇಸಿಗೆಯಲ್ಲಿ ಸಂಜೆಯ ಹೊತ್ತು ಕರೆಂಟು ಹೋಗಿ ಬರುವುದು ಹೊಸತಲ್ಲ. ಆಟ ನಿಂತರೆ ಮತ್ತೆ ಆಡಬಹುದು, ಆದರೆ ಸೇವ್ ಆಗುವ ಆ ಕೆಲವು ಕ್ಷಣಗಳಲ್ಲಿ ಕರೆಂಟು ಹೋದರೆ ಮೆಮರಿ ಕಾರ್ಡಿನಲ್ಲಿರುವ ದಾಖಲೆಯೇ ಕೆಡಬಹುದು. ಮನೆಯಲ್ಲಿ ಇನ್ವರ್ಟರ್ ಇದ್ದರೂ ಅದು ಬದಲಾಗುವ ಕ್ಷಣದಲ್ಲಿ ಯಂತ್ರ ಆರಿಹೋಗುವುದುಂಟು. ಇನ್ವರ್ಟರಿನಲ್ಲಿ ಯುಪಿಎಸ್ ಎಂಬ ಸ್ವಿಚ್ಚಿದ್ದರೆ ಅದಕ್ಕೆ ಹಾಕಿಡಿರಿ, ಇಲ್ಲವಾದರೆ ಕಂಪ್ಯೂಟರಿನ ಚಿಕ್ಕ ಯುಪಿಎಸ್ಸಿಗೆ ಕನ್ಸೋಲನ್ನು, ಅಂದರೆ ಆಟದ ಯಂತ್ರವನ್ನು, ಜೋಡಿಸಿರಿ. ಟಿವಿ ಆರಿಹೋದರೂ ಚಿಂತೆಯಿಲ್ಲ, ಕನ್ಸೋಲ್ ಉಸಿರಾಡುತ್ತಿರಬೇಕು.

ಧೂಳು, ಲೆನ್ಸು, ಡಿಸ್ಕು

ಎರೆಮಣ್ಣಿನ ಧೂಳು ಎಷ್ಟು ಸಣ್ಣದೆಂಬುದು ಇಲ್ಲಿನವರಿಗೆ ಹೇಳಬೇಕಾಗಿಲ್ಲ. ನನ್ನ ಯಂತ್ರ ಡಿಸ್ಕನ್ನು ತಿರುಗಿಸಿ, ಗರಗರ ಸದ್ದು ಮಾಡಿ, ಓದಲಾಗದೆಂಬ ಕೆಂಪು ತೆರೆಯನ್ನು ತೋರಿಸಿತು. ಗಾಂಧಿ ಚೌಕದ ಬಳಿಯ ಒಂದು ರಿಪೇರಿ ಅಂಗಡಿಗೆ ಒಯ್ದಾಗ ಅಲ್ಲಿನ ಹಿರಿಯರು ಮುಚ್ಚಳ ತೆಗೆದು, ಕನ್ನಡಕ ಹಣೆಗೇರಿಸಿ ನೋಡಿ, "ಲೆನ್ಸ್ ಸತ್ತಿಲ್ರಿ ಸರ, ಅದರ ಮ್ಯಾಲ ಧೂಳ ಕುಂತೈತಿ. ಹೊಸಾದು ಹಾಕ್ಸೂದು ಬ್ಯಾಡ, ಮೊದ್ಲ ಒರಸಿ ನೋಡ್ರಿ" ಎಂದು ಹೇಳಿ, ದುಡ್ಡು ತೆಗೆದುಕೊಳ್ಳದೆ ಕಳಿಸಿದರು. ಅವರು ಹೇಳಿದ ಕ್ರಮವನ್ನೇ ಬರೆಯುತ್ತೇನೆ.

ಪ್ಲಗ್ ತೆಗೆದು ಯಂತ್ರ ತಣ್ಣಗಾದ ಮೇಲೆ ತೆಳು ಮಾದರಿಯ ಮುಚ್ಚಳ ತೆರೆದರೆ ಲೆನ್ಸು ಎದುರಿಗೇ ಚಿಕ್ಕ ಗಾಜಿನ ಮಣಿಯಂತೆ ಕಾಣುತ್ತದೆ. ಮೊದಲು ಕ್ಯಾಮರಾದವರು ಬಳಸುವ ರಬ್ಬರಿನ ಗಾಳಿ ಬುಡ್ಡಿಯಿಂದ ಧೂಳು ಹಾರಿಸಿರಿ. ಬಾಯಿಂದ ಊದಿದರೆ ಉಗುಳಿನ ಹನಿ ಕೂಡುತ್ತದೆ. ಬಳಿಕ ಹತ್ತಿಯ ಕಡ್ಡಿಗೆ ಐಸೊಪ್ರೊಪೈಲ್ ಆಲ್ಕೊಹಾಲನ್ನು ತೇವವಾಗುವಷ್ಟೇ ಹಚ್ಚಿ, ಭಾರ ಬಿಡದೆ ಎರಡು ಸುತ್ತು ತಿರುಗಿಸಿ, ಒಣಗಿದ ಇನ್ನೊಂದು ಕಡ್ಡಿಯಿಂದ ಒರೆಸಿರಿ. ಲೆನ್ಸು ಕೆಳಗಿನ ಸ್ಪ್ರಿಂಗಿನ ಮೇಲೆ ತೇಲುತ್ತಿರುತ್ತದೆ, ಒತ್ತಿದರೆ ಕೆಟ್ಟಿತು. ಹತ್ತು ನಿಮಿಷ ಬಿಟ್ಟು ಹಚ್ಚಿರಿ. ದಪ್ಪ ಮಾದರಿಯಲ್ಲಿ ಲೆನ್ಸು ಕಾಣಲು ಇಡೀ ಕವಚ ಬಿಚ್ಚಬೇಕು ಮತ್ತು ಒಳಗೆ ವಿದ್ಯುತ್ ಘಟಕವೂ ಇರುವುದರಿಂದ ಅದನ್ನು ತಿಳಿದವರ ಕೈಗೇ ಕೊಡುವುದು ಲೇಸು.

ಡಿಸ್ಕನ್ನು ಮೆತ್ತನೆಯ ಬಟ್ಟೆಯಿಂದ ನಡುವಿನಿಂದ ಅಂಚಿನ ಕಡೆಗೆ ನೇರವಾಗಿ ಒರೆಸಬೇಕು, ಸುತ್ತಲೂ ಉಜ್ಜಬಾರದು. ಓದುವ ದಾರಿ ಸುತ್ತು ಸುತ್ತಾಗಿ ಇರುವುದರಿಂದ ಆ ದಿಕ್ಕಿನ ಒಂದು ಗೀರು ಸಾಲು ಸಾಲಾಗಿ ಮಾಹಿತಿಯನ್ನು ಅಳಿಸುತ್ತದೆ; ಅಡ್ಡ ಗೀರನ್ನು ಯಂತ್ರ ಹೇಗೋ ದಾಟಿಕೊಂಡು ಹೋಗುತ್ತದೆ. ಟೂತ್‌ಪೇಸ್ಟಿನ ಉಪಾಯ ಬೇಡ. ಕೊಳ್ಳುವಾಗ ನಡುವಿನ ರಂಧ್ರದ ಸುತ್ತ ಕೂದಲೆಳೆಯಂಥ ಬಿರುಕು ಇದೆಯೇ ಎಂದು ದೀಪಕ್ಕೆ ಹಿಡಿದು ನೋಡಿರಿ, ಅಲ್ಲಿ ಒಡೆದ ಡಿಸ್ಕು ತಿರುಗುವ ವೇಗಕ್ಕೆ ಹೋಳಾಗಬಹುದು.

ಏಪ್ರಿಲ್, ಮೇ ತಿಂಗಳಲ್ಲಿ ಮಧ್ಯಾಹ್ನ 40 ಡಿಗ್ರಿ ದಾಟುವ ಊರಿನಲ್ಲಿ ಯಂತ್ರವನ್ನು ಟಿವಿ ಕಪಾಟಿನ ಗೂಡಿನಲ್ಲಿ ತುರುಕಬಾರದು. ಫ್ಯಾನಿನ ಕಡೆ ಒಂದು ಗೇಣು ಜಾಗ ಬಿಡಿರಿ. ಬೆಳಗಿನ ತಂಪಿನಲ್ಲಿ ಆಡಿದರೆ ಯಂತ್ರಕ್ಕೂ ಆಡುವವರಿಗೂ ಹಿತ.

ಟಿವಿ

ಯಾರದಾದರೂ ಮನೆಯ ಮೂಲೆಯಲ್ಲಿ ಹಳೆಯ ಡಬ್ಬಾ ಟಿವಿ ಬಿದ್ದಿದ್ದರೆ ಅದನ್ನು ಎತ್ತಿಕೊಂಡು ಬನ್ನಿರಿ. ಇಂಥ ಆಟಗಳಿಗೆ ಅದಕ್ಕಿಂತ ಉತ್ತಮ ತೆರೆ ಇಲ್ಲ. ಗುಂಡಿ ಒತ್ತಿದ್ದಕ್ಕೂ ರಾಜಕುಮಾರ ಜಿಗಿದದ್ದಕ್ಕೂ ನಡುವೆ ಅಲ್ಲಿ ವಿಳಂಬವಿಲ್ಲ. ಎಲ್‌ಇಡಿ ಟಿವಿ ಬಂದ ಚಿತ್ರವನ್ನು ಹಿಗ್ಗಿಸಿ ತಿದ್ದಿ ತೋರಿಸುವುದರಿಂದ ಕಣ್ಣು ಮಿಟುಕಿಸುವಷ್ಟು ತಡವಾಗುತ್ತದೆ. ಗೋಡೆಯಿಂದ ಗೋಡೆಗೆ ಪುಟಿಯುವಾಗ ಆ ತಡವೇ ನಿಮ್ಮನ್ನು ಬೀಳಿಸುತ್ತದೆ, ತಪ್ಪು ಮಾತ್ರ ಕೈಯದೆಂದು ತೋರುತ್ತದೆ. ಟಿವಿಯ ಸೆಟ್ಟಿಂಗಿನಲ್ಲಿ ಗೇಮ್ ಮೋಡ್ ಹಾಕಿರಿ. ಚಿತ್ರದ ಅಳತೆಯನ್ನು 4:3ಕ್ಕೆ ಇಡಿರಿ, ಇಲ್ಲವಾದರೆ ಮನುಷ್ಯರು ಉಬ್ಬಿದ ಪೂರಿಯಂತೆ ಅಡ್ಡಕ್ಕೆ ಹಿಗ್ಗುತ್ತಾರೆ.

ಹಳದಿ, ಬಿಳಿ, ಕೆಂಪು ಪಿನ್ನಿನ ವಾಯರಿಗೆ ಹೊಸ ಟಿವಿಯಲ್ಲಿ ಕಿಂಡಿಗಳೇ ಕಾಣದಿದ್ದರೆ ಹಿಂಬದಿಯಲ್ಲಿ ಎವಿ ಎಂದು ಬರೆದ, ಇಯರ್‌ಫೋನ್ ಕಿಂಡಿಯಂಥ ಒಂದು ತೂತು ಇದೆಯೇ ನೋಡಿರಿ. ಟಿವಿಯ ಜೊತೆ ಬಂದ ಗಿಡ್ಡ ವಾಯರು ಅದಕ್ಕೇ ಇರುವುದು. ಟಿವಿಯಲ್ಲಿ ಕಾಂಪೊನೆಂಟ್ ಕಿಂಡಿಗಳಿದ್ದರೆ ಹಸಿರು, ನೀಲಿ, ಕೆಂಪು ಪಿನ್ನಿನ ಕಾಂಪೊನೆಂಟ್ ವಾಯರ್ ಕೊಂಡರೆ ಚಿತ್ರ ಎದ್ದು ಕಾಣುವಷ್ಟು ಸ್ವಚ್ಛವಾಗುತ್ತದೆ. ಒಂದು ಎಚ್ಚರಿಕೆ: ಹೊಸ ವಾಯರ್ ಹಚ್ಚುವ ಮೊದಲು, ಹಳೆಯ ವಾಯರಿನಲ್ಲಿಯೇ ಡಿಸ್ಕಿಲ್ಲದೆ ಯಂತ್ರವನ್ನು ಆರಂಭಿಸಿ, ಸಿಸ್ಟಮ್ ಕಾನ್ಫಿಗರೇಷನ್ನಿನಲ್ಲಿ ಕಾಂಪೊನೆಂಟ್ ವಿಡಿಯೊದ ಸಾಲನ್ನು ಆರ್‌ಜಿಬಿಯಿಂದ ಇನ್ನೊಂದಕ್ಕೆ ಬದಲಿಸಿರಿ. ಇದನ್ನು ಮರೆತರೆ ಬಣ್ಣಗಳೆಲ್ಲ ಕೆಡುತ್ತವೆ, ವಾಯರೇ ಕೆಟ್ಟಿದೆ ಎಂದು ವಾಪಸು ಕೊಡಲು ಹೋಗುತ್ತೀರಿ.

ಮೆಮರಿ ಕಾರ್ಡ್

ಡಿಸ್ಕಿಲ್ಲದೆ ಯಂತ್ರ ಆರಂಭಿಸಿ ತೆರೆಯ ಮೇಲಿನ ಬ್ರೌಸರ್ ಎಂಬ ಸಾಲನ್ನು ತೆರೆದರೆ ಕಾರ್ಡಿನಲ್ಲಿ ಏನಿದೆ ಎಂಬುದು ಕಾಣುತ್ತದೆ. ಅಸಲಿ ಕಾರ್ಡು 8 ಎಂಬಿಯದು, ಅದು ಈ ಆಟಕ್ಕೆ ಬೇಕಾದಷ್ಟಾಯಿತು. ಹೆಚ್ಚು ಜಾಗದ ಅಗ್ಗದ ಕಾರ್ಡುಗಳಿಗೆ ಮರುಳಾಗಬೇಡಿರಿ; ಕಾಲೇಜಿನಲ್ಲಿದ್ದಾಗ ಅಂಥದೊಂದು ಕಾರ್ಡು ಅರ್ಧಕ್ಕಿಂತ ಹೆಚ್ಚು ಮುಗಿದಿದ್ದ ನನ್ನ ಆಟವನ್ನು ಒಂದು ಬೆಳಗ್ಗೆ ಖಾಲಿ ಹಾಳೆ ಮಾಡಿ ಕೈಗಿಟ್ಟಿತ್ತು. ಯಂತ್ರ ಪ್ರತಿ ಸಲ ದಿನಾಂಕ ಕೇಳುತ್ತಿದ್ದರೆ ಹೆದರಬೇಡಿ. ಒಳಗಿನ ಗಡಿಯಾರದ ಗುಂಡಿ ಸೆಲ್ಲು ತೀರಿದೆ ಅಷ್ಟೆ, ಕಾರ್ಡಿನ ದಾಖಲೆಗೂ ಅದಕ್ಕೂ ಸಂಬಂಧವಿಲ್ಲ. ಎರಡು ದಾಖಲೆಗಳನ್ನು ಇಟ್ಟುಕೊಂಡು ಒಂದು ಸಲ ಇದರಲ್ಲಿ, ಮುಂದಿನ ಸಲ ಅದರಲ್ಲಿ ಸೇವ್ ಮಾಡುತ್ತ ಹೋಗಿರಿ.

ಮೊದಲ ಕೂಟ: ಕೈ ಹದಕ್ಕೆ ಬರುವವರೆಗೆ

ಕಥೆಯ ಹಿನ್ನೆಲೆ ನೆನಪಿಗೆ ಇಷ್ಟು ಸಾಕು. ಪರ್ಷಿಯಾದ ಅರಸ ಶಾರಮಾನ್ ಮತ್ತು ಅವನ ಮಗ ಭಾರತದ ಮಹಾರಾಜನೊಬ್ಬನ ಅರಮನೆಯನ್ನು ಕೊಳ್ಳೆ ಹೊಡೆಯುತ್ತಾರೆ. ಮಹಾರಾಜನ ವಜೀರನೇ ಬಾಗಿಲು ತೆರೆದ ದ್ರೋಹಿ. ರಾಜಕುಮಾರನಿಗೆ ಕಾಲದ ಕಠಾರಿ ಸಿಗುತ್ತದೆ, ದೊಡ್ಡದೊಂದು ಮರಳುಗಡಿಯಾರ ಆಜಾದ್ ಎಂಬಲ್ಲಿನ ಸುಲ್ತಾನನಿಗೆ ಕಾಣಿಕೆಯಾಗಿ ಹೋಗುತ್ತದೆ. ಅಲ್ಲಿ ವಜೀರನ ಮಾತು ನಂಬಿ ರಾಜಕುಮಾರ ಮರಳನ್ನು ಬಿಡುಗಡೆ ಮಾಡಿದಾಗ ಅವನು, ಮಹಾರಾಜನ ಮಗಳು ಫರಾ ಮತ್ತು ವಜೀರ, ಈ ಮೂವರನ್ನು ಬಿಟ್ಟು ಉಳಿದವರೆಲ್ಲ ಮರಳಿನ ಭೂತಗಳಾಗುತ್ತಾರೆ. ಪರ್ಷಿಯಾದ ನೆಲದಿಂದ ಬಂದವರು ಫಾರಸಿಯಲ್ಲಿ ಇತಿಹಾಸ ಬರೆದ ಆದಿಲಶಾಹಿ ಆಸ್ಥಾನದ ಊರಿನಲ್ಲಿ ಕುಳಿತು ಇದನ್ನು ನೋಡುವಾಗ, ಆಟದ ಭಾರತ ಕಾಗದದ ಹೂವಿನಂತೆ ಕಂಡರೆ ಅದು ನಮ್ಮ ತಪ್ಪಲ್ಲ. ಅರಮನೆ ಮಾತ್ರ ನಿಜವಾದ ಅರಮನೆಯಂತಿದೆ.

ಮೊದಲ ದಿನ ಮುಂದೆ ಹೋಗುವ ಆಸೆ ಬಿಡಿರಿ. ಕಂಟ್ರೋಲರಿನ ಮುಂದಂಚಿನ ಬಲಗಡೆಯ ಆರ್1 ಗುಂಡಿ ಒತ್ತಿ ಹಿಡಿದು ಗೋಡೆಯ ಉದ್ದಕ್ಕೆ ಓಡಿದರೆ ರಾಜಕುಮಾರ ಗೋಡೆಯ ಮೇಲೆ ಕಮಾನಿನಂತೆ ಏರಿ ಇಳಿಯುತ್ತಾನೆ. ಗೋಡೆಗೆ ಎದುರಾಗಿ ಅದೇ ಗುಂಡಿ ಒತ್ತಿದರೆ ಮೇಲಕ್ಕೆ ಓಡುತ್ತಾನೆ. ಓಟದ ನಡುವೆ ಕ್ರಾಸ್ ಗುಂಡಿ ಒತ್ತಿದರೆ ಗೋಡೆಯನ್ನು ಒದ್ದು ಹಾರುತ್ತಾನೆ. ಎಡಗಡೆಯ ಎಲ್1 ಗುಂಡಿ ಕಾಲವನ್ನು ಹಿಂದಕ್ಕೆ ಎಳೆಯುತ್ತದೆ. ಈ ಮೂರು ಚಲನೆಗಳನ್ನು ಅರ್ಧ ತಾಸು ಒಂದೇ ಅಂಗಳದಲ್ಲಿ ಮಾಡುತ್ತಿರಿ. ಹೊಸ ಆಟಗಳಲ್ಲಿ ಸುಮಾರಾಗಿ ಒತ್ತಿದರೂ ನಾಯಕ ತಾನೇ ಅಂಚನ್ನು ಹಿಡಿದುಕೊಳ್ಳುತ್ತಾನೆ, ಇಲ್ಲಿ ಓಟವನ್ನು ಎಲ್ಲಿಂದ ಆರಂಭಿಸಿದಿರಿ ಎಂಬುದರ ಮೇಲೆ ಎಲ್ಲಿ ಮುಟ್ಟುತ್ತೀರಿ ಎಂಬುದು ನಿಂತಿದೆ. ತೀರ ಹಿಂದಿನಿಂದ ಓಟ ಹಿಡಿದರೆ ಕಮಾನು ಹಳ್ಳದ ನಡುವೆಯೇ ಮುಗಿದುಹೋಗುತ್ತದೆ.

ಎಲ್ಲರಿಗೂ ತೊಂದರೆ ಕೊಡುವುದು ಕ್ಯಾಮರಾ. ದಿಕ್ಕಿನ ಕಡ್ಡಿ ಕ್ಯಾಮರಾದ ನೋಟಕ್ಕೆ ತಕ್ಕಂತೆ ಕೆಲಸ ಮಾಡುವುದರಿಂದ, ತೊಲೆಯ ಮೇಲೆ ನಡೆಯುವಾಗ ನೋಟ ತಟ್ಟನೆ ಬದಲಾದರೆ ಮುಂದೆ ಎಂಬುದು ಪಕ್ಕಕ್ಕೆ ಎಂದಾಗಿ, ಸೀದಾ ಪಾತಾಳ. ಆದ್ದರಿಂದ ಪ್ರತಿ ಜಿಗಿತಕ್ಕೂ ಮೊದಲು ನಿಂತು, ಬಲಗಡೆಯ ಕಡ್ಡಿಯಿಂದ ನೋಟವನ್ನು ರಾಜಕುಮಾರನ ಬೆನ್ನ ಹಿಂದೆ ತಂದುಕೊಂಡು ಆಮೇಲೆ ಹೆಜ್ಜೆ ಇಡಿರಿ.

ಕೋಣೆಯನ್ನು ಓದುವುದು

ಈ ಆಟದ ತಿರುಳು ಇಲ್ಲಿದೆ, ಇದಕ್ಕೆ ಎಷ್ಟು ಹೊತ್ತು ಕೊಟ್ಟರೂ ನಷ್ಟವಿಲ್ಲ. ಹೊಸ ಕೋಣೆಗೆ ಬಂದೊಡನೆ ಓಡಬೇಡಿರಿ. ಎಲ್ಲಿಗೆ ತಲುಪಬೇಕು ಎಂಬುದನ್ನು, ಅಂದರೆ ಬಾಗಿಲನ್ನೋ ಸನ್ನೆಗೋಲನ್ನೋ, ಮೊದಲು ಗುರುತಿಸಿ, ಅಲ್ಲಿಂದ ಹಿಂದಕ್ಕೆ ಲೆಕ್ಕ ಹಾಕುತ್ತ ಬನ್ನಿರಿ: ಆ ಕಟ್ಟೆಗೆ ಬರಬೇಕಾದರೆ ಈ ಕಂಬದಿಂದ ಹಾರಬೇಕು, ಕಂಬಕ್ಕೆ ಬರಬೇಕಾದರೆ ಆ ಅಡ್ಡಸರಳಿನಿಂದ ತೂಗಬೇಕು, ಸರಳಿಗೆ ಕೈ ಸಿಗಬೇಕಾದರೆ ಈ ಗೋಡೆಯ ಮೇಲೆ ಓಡಬೇಕು. ಕಟ್ಟಡ ಕಟ್ಟಿದವನ ತಲೆಯೊಳಗೆ ಇಳಿದಂತೆ ಆಗುವ ಸುಖ ಅದು.

ಹುಡುಗರಾಗಿದ್ದಾಗ ಈ ಆಟ ಆಡಿದ ಮರುದಿನ ಇಬ್ರಾಹಿಂ ರೋಜಾಕ್ಕೆ ಹೋಗಿ, ಚಾಚಿದ ಛಾವಣಿಯ ಕೆಳಗಿನ ಕಲ್ಲಿನ ಆನಿಕೆಗಳನ್ನು ಎಣಿಸುತ್ತ, ಯಾವುದನ್ನು ಹಿಡಿದರೆ ಮಿನಾರಿನ ಅಂಚಿಗೆ ಹೋಗಬಹುದು ಎಂದು ಗೆಳೆಯರು ಗಂಭೀರವಾಗಿ ವಾದಿಸುತ್ತಿದ್ದೆವು. ಗೋಳಗುಮ್ಮಟದ ಮೂಲೆ ಗೋಪುರದ ಇಕ್ಕಟ್ಟಾದ ಮೆಟ್ಟಿಲುಗಳಲ್ಲಿ ಏಳು ಅಂತಸ್ತು ಏರಿ, ಕತ್ತಲೆಯಿಂದ ಒಮ್ಮೆಲೇ ಬೆಳಕಿಗೆ ಬಂದು, 44 ಮೀಟರ್ ಅಗಲದ ಗುಮ್ಮಟದ ಒಳಗಿನ ಮೊಗಸಾಲೆಗೆ ಕಾಲಿಟ್ಟು ಕೆಳಗೆ ಇಣುಕಿದವರಿಗೆ, ಆಟದ ರಚನೆಕಾರರು ಎತ್ತರವನ್ನು ಹೇಗೆ ಬಳಸುತ್ತಾರೆ ಎಂಬುದು ಬೇಗ ತಿಳಿಯುತ್ತದೆ: ಮೊದಲು ಇಕ್ಕಟ್ಟಿನಲ್ಲಿ ನಡೆಸಿ, ಆಮೇಲೆ ತಟ್ಟನೆ ಬಯಲು ಮಾಡುತ್ತಾರೆ. ಆಟದ ಬಹುತೇಕ ದೊಡ್ಡ ಕೋಣೆಗಳಿಗೆ ಪ್ರವೇಶ ಒಂದು ಚಿಕ್ಕ ಓಣಿಯಿಂದಲೇ ಇರುವುದನ್ನು ನಾನು ಗಮನಿಸಿದ್ದು ಈ ಎರಡನೆಯ ಸಲ. (ನಿಜವಾದ ಸ್ಮಾರಕದ ಗೋಡೆಗೆ ಕಾಲು ಹಚ್ಚಬೇಡಿರಿ, ಅಲ್ಲಿ ಎಲ್1 ಇಲ್ಲ.)

ಮೊದಲ ಭಾಗದಲ್ಲೇ ಬರುವ ಅರಮನೆಯ ರಕ್ಷಣಾ ವ್ಯವಸ್ಥೆಯ ಒಗಟು ಹಲವರನ್ನು ಕೂಡಿಸಿ ಹಾಕುತ್ತದೆ. ದೊಡ್ಡ ಯಂತ್ರದ ಅಚ್ಚುಗಳನ್ನು ಸರಿಯಾದ ಕಡೆಗೆ ತಿರುಗಿಸುವ ಕೆಲಸ ಅದು. ಪಟ್ಟು ಬಿಡದೆ ಎಲ್ಲವನ್ನೂ ತಿರುಗಿಸುತ್ತ ಹೋಗುವ ಬದಲು, ಒಂದು ಹಾಳೆಯ ಮೇಲೆ ಕೋಣೆಯ ಚಿತ್ರ ಬರೆದುಕೊಂಡು, ಒಂದು ಸಲಕ್ಕೆ ಒಂದೇ ಅಚ್ಚನ್ನು ಬದಲಿಸಿ ಏನಾಯಿತು ಎಂದು ಗುರುತು ಹಾಕಿರಿ. ಅಕ್ಕನ ಮಗ ಗಣಿತದ ನೋಟುಬುಕ್ಕಿನ ಹಿಂದಿನ ಹಾಳೆಯಲ್ಲಿ ಬರೆದ ನಕ್ಷೆಯಿಂದ ಅದು ನಮಗೆ ಇಪ್ಪತ್ತು ನಿಮಿಷದಲ್ಲಿ ಬಿಡಿಸಿಕೊಂಡಿತು. ಮೊದಲ ಸಲ ನನಗೆ ಎರಡು ಸಂಜೆ ಹಿಡಿದಿತ್ತು.

ಮರಳು ಮತ್ತು ನೀರಿನ ಲೆಕ್ಕ

ಕಾಲ ಹಿಂದಕ್ಕೆ ಎಳೆಯಲು ಪ್ರತಿ ಸಲ ಒಂದು ಮರಳಿನ ಕುಪ್ಪಿ ಖರ್ಚಾಗುತ್ತದೆ. ಹಿಂದೆ ನಾನು ಮಾಡುತ್ತಿದ್ದ ತಪ್ಪೆಂದರೆ ಕಾಳಗದಲ್ಲಿ ಚೂರು ಪೆಟ್ಟು ತಗುಲಿದರೂ ಎಲ್1 ಒತ್ತುವುದು. ಪೆಟ್ಟಿಗೆ ಮದ್ದು ನೀರಿನಲ್ಲಿದೆ: ಕಾರಂಜಿ, ಕೊಳ, ಹರಿಯುವ ನೀರು ಎಲ್ಲಿ ಕಂಡರೂ ಕುಡಿದರೆ ಜೀವ ತುಂಬುತ್ತದೆ, ಅದಕ್ಕೆ ಖರ್ಚಿಲ್ಲ. ಮರಳನ್ನು ಬೀಳುವಿಕೆಗೆ ಮೀಸಲಿಡಿರಿ. ಬೀಳುವಾಗಲೂ ಹಳ್ಳ ಮುಟ್ಟುವವರೆಗೆ ಕಾಯದೆ ತಪ್ಪು ಗೊತ್ತಾದ ಕೂಡಲೇ ಎಳೆಯಿರಿ. ಎಳೆಯಲು ಸಿಗುವುದು ಹೆಚ್ಚೆಂದರೆ ಸುಮಾರು ಹತ್ತು ಸೆಕೆಂಡು, ಅದರಲ್ಲಿ ಅರ್ಧ ಬೀಳುವುದರಲ್ಲೇ ಕಳೆದರೆ ಹಾರುವ ಮೊದಲಿನ ನೆಲೆಗೆ ಮರಳಲಾಗದು. ಹುಡುಗ ಪಕ್ಕದಲ್ಲಿ ಕುಳಿತು "ಮಾಮಾ, ಹಿಂದಕ್ ತಗೋರಿ, ಹಿಂದಕ್ ತಗೋರಿ!" ಎಂದು ಕೂಗುತ್ತಿದ್ದುದು ಇದೇ ಕಾರಣಕ್ಕೆ, ಅವನ ಕಣ್ಣು ನನ್ನ ಬೆರಳಿಗಿಂತ ಚುರುಕು.

ದಾರಿಯಲ್ಲಿ ಮಿನುಗುವ ಮರಳಿನ ಮೋಡಗಳನ್ನು ಬಿಡದೆ ಕೂಡಿಸಿದರೆ ಕುಪ್ಪಿಗಳ ಸಂಖ್ಯೆ ಹೆಚ್ಚುತ್ತದೆ. ಜೀವದ ಪಟ್ಟಿಯನ್ನು ಉದ್ದ ಮಾಡುವ ಗುಪ್ತ ಕಾರಂಜಿಗಳು ಒಟ್ಟು ಹತ್ತು ಇವೆ. ಒಂದು ಬಿರುಕಿನ ಗೋಡೆಯ ಹಿಂದೆಯೋ ಪಕ್ಕದ ಓಣಿಯಲ್ಲಿಯೋ ಒಳಗೆ ಹೋದರೆ ಕನಸಿನಂಥ ಸೇತುವೆಯೊಂದು ಎದುರಾಗಿ, ಅದರಾಚೆ ನೀರು ಸಿಗುತ್ತದೆ. ಆಟ ಒಂದೇ ದಿಕ್ಕಿಗೆ ಸಾಗುವುದರಿಂದ ದಾಟಿ ಬಂದ ಕಾರಂಜಿಗೆ ಮರಳಲಾಗದು. ಆದ್ದರಿಂದ ಹೊರಹೋಗುವ ಬಾಗಿಲು ಯಾವುದೆಂದು ಗೊತ್ತಾದ ಮೇಲೆ, ಬೇಕಂತಲೇ ಅದಕ್ಕೆ ಬೆನ್ನು ಮಾಡಿ ಉಳಿದ ಮೂಲೆಗಳನ್ನು ಒಂದು ಸುತ್ತು ನೋಡಿ ಬನ್ನಿರಿ.

ಕಾಳಗವನ್ನು ಬೇಗ ಮುಗಿಸುವ ಬಗೆ

ವೈರಿಗಳು ಕೆಳಗೆ ಬಿದ್ದ ಮಾತ್ರಕ್ಕೆ ಸಾಯುವುದಿಲ್ಲ, ಟ್ರಯಾಂಗಲ್ ಗುಂಡಿಯಿಂದ ಕಠಾರಿ ಚುಚ್ಚಿ ಮರಳನ್ನು ಹೀರದಿದ್ದರೆ ಮತ್ತೆ ಏಳುತ್ತಾರೆ. ಹೀರುವ ಕ್ಷಣದಲ್ಲಿ ರಾಜಕುಮಾರನ ಬೆನ್ನು ಬಯಲಾಗಿರುತ್ತದೆ. ಎದುರಿನವನ ಕಡೆಗೆ ಓಡಿ ಕ್ರಾಸ್ ಒತ್ತಿ ತಲೆಯ ಮೇಲಿಂದ ಹಾರಿ, ಇಳಿಯುತ್ತ ಸ್ಕ್ವೇರ್ ಒತ್ತಿ ಹೊಡೆದು, ಬಿದ್ದವನಿಂದ ಕೂಡಲೇ ಮರಳು ಹೀರುವುದು ಎಲ್ಲಕ್ಕೂ ವೇಗದ ಕ್ರಮ. ಹಾರುವಿಕೆಯನ್ನು ತಡೆಯುವ ವೈರಿಗಳೂ ಇದ್ದಾರೆ. ಒಂದು ಸಲ ಕೆಡವಿಸಿಕೊಂಡರೆ ಅಂಥವನ ಉಡುಪಿನ ಬಣ್ಣ ನೆನಪಿಟ್ಟುಕೊಂಡು, ಅವನ ಮೇಲೆ ಗೋಡೆಯಿಂದ ಪುಟಿದು ಎರಗುವುದನ್ನು ಪ್ರಯತ್ನಿಸಿರಿ. ಫರಾ ಬಿಲ್ಲು ಹಿಡಿದು ನೆರವಾಗುತ್ತಾಳೆ, ಆದರೆ ಅವಳು ಸತ್ತರೂ ಆಟ ಮುಗಿಯುತ್ತದೆ, ಅವಳ ಬಾಣ ಆಗಾಗ ರಾಜಕುಮಾರನಿಗೂ ನಾಟುತ್ತದೆ. ಅವಳಿಗೂ ವೈರಿಗೂ ನಡುವೆ ನಿಲ್ಲಬೇಡಿರಿ.

ಕೊನೆಯ ಭಾಗದ ಲಿಫ್ಟಿನ ಕಾಳಗ ಕುಖ್ಯಾತ. ಇಕ್ಕಟ್ಟಾದ ದುಂಡು ಕಟ್ಟೆಯ ಮೇಲೆ ವೈರಿಗಳು ಗುಂಪು ಗುಂಪಾಗಿ ಬರುತ್ತಾರೆ, ಓಡಲು ಗೋಡೆಯಿಲ್ಲ. ಅದಕ್ಕೆ ಮೊದಲಿನ ಎರಡು ಕಾಳಗಗಳಲ್ಲಿ ಕೈ ಬಿಗಿಹಿಡಿದು, ಮರಳಿನ ಕುಪ್ಪಿಗಳನ್ನೂ ಅವುಗಳ ಪಕ್ಕದ ಅರ್ಧಚಂದ್ರ ಗುರುತುಗಳನ್ನೂ ತುಂಬಿಸಿಕೊಂಡು ಬನ್ನಿರಿ. ನಿಂತಿರುವ ವೈರಿಗೆ ಕಠಾರಿ ತಾಗಿಸಿದರೆ ಒಂದು ಅರ್ಧಚಂದ್ರ ಖರ್ಚಾಗಿ ಅವನು ಕಲ್ಲಿನಂತೆ ನಿಲ್ಲುತ್ತಾನೆ, ಆಗ ಕತ್ತಿಯಿಂದ ಎರಡು ಹೋಳು ಮಾಡಬಹುದು. ಫರಾಳ ಹತ್ತಿರ ಇರುವವನನ್ನೇ ಮೊದಲು ಹೀಗೆ ನಿಲ್ಲಿಸಿರಿ.

ಎಲ್ಲಿ ನಿಲ್ಲಿಸಬೇಕು

ಮೊದಲ ಸಲ ಆಡುವವರಿಗೆ ಎಂಟರಿಂದ ಹತ್ತು ತಾಸಿನ ಆಟ ಇದು. ನಡುವೆ ಸತ್ತರೆ ಹತ್ತಿರದ ನೆಲೆಯಿಂದ ಮತ್ತೆ ಆಡಲು ಬಿಡುತ್ತದೆ, ಆದರೆ ಯಂತ್ರ ಆರಿಸಿದ ಮೇಲೆ ಉಳಿಯುವುದು ಹೊಳೆಯುವ ಮರಳಿನ ಕಂಬದಲ್ಲಿ ಸೇವ್ ಮಾಡಿದ್ದಷ್ಟೆ. ಆ ಕಂಬ ಸಾಮಾನ್ಯವಾಗಿ ಒಂದು ಕಾಳಗ ಮುಗಿದ ಮೇಲೆ ಕಾಣಿಸಿಕೊಳ್ಳುತ್ತದೆ. ಹೀಗಾಗಿ "ಇನ್ನರ್ಧ ತಾಸು ಆಡಿ ಏಳುತ್ತೇನೆ" ಎಂಬ ಲೆಕ್ಕ ಇಲ್ಲಿ ನಡೆಯುವುದಿಲ್ಲ. "ಇನ್ನೊಂದು ಕಂಬ" ಎಂಬ ಲೆಕ್ಕ ಇಟ್ಟುಕೊಳ್ಳಿರಿ. ಸೇವ್ ಮಾಡುವಾಗ ಆಟದ ಎಷ್ಟು ಶೇಕಡಾ ಮುಗಿದಿದೆ ಎಂದೂ ತೋರಿಸುತ್ತದೆ. ಕಂಬದೊಳಗೆ ಕಾಲಿಟ್ಟಾಗ ಮುಂದೆ ನಡೆಯಲಿರುವುದರ ತುಣುಕುಗಳು ಮಿಂಚಿ ಮಾಯವಾಗುತ್ತವೆ. ಅವಸರದಲ್ಲಿ ಅದನ್ನು ನೋಡದೆ ಬಿಡಬೇಡಿ, ಮುಂದಿನ ಕೋಣೆಯ ದಾರಿಯ ಸುಳಿವು ಅದರಲ್ಲೇ ಇರುತ್ತದೆ.

ಧ್ವನಿಯನ್ನು ಕೇಳಿಸಿಕೊಳ್ಳಿರಿ

ಎರಡನೆಯ ಸಲ ಆಡುವವರಿಗೆ ಮಾತ್ರ ಸಿಗುವ ಸುಖವೊಂದಿದೆ. ಇಡೀ ಆಟ ರಾಜಕುಮಾರ ಯಾರಿಗೋ ಹೇಳುತ್ತಿರುವ ಕಥೆ. 1989ರಲ್ಲಿ ಆಪಲ್ 2 ಕಂಪ್ಯೂಟರಿಗೆ ಮೊದಲ 'ಪ್ರಿನ್ಸ್ ಆಫ್ ಪರ್ಷಿಯಾ' ಮಾಡಿದ ಜೋರ್ಡನ್ ಮೆಕ್ನರ್ ಅವರೇ ಇದರ ಕಥೆ ಬರೆದವರು. ಆಡುವವನು ಸತ್ತಾಗ ಕಥೆಗಾರ ತಡೆದು, ಹಾಗಲ್ಲ, ತಪ್ಪಾಗಿ ಹೇಳಿದೆ ಎಂದು ತಿದ್ದಿಕೊಳ್ಳುತ್ತಾನೆ. ಸೇವ್ ಮಾಡಿದರೆ, ಮುಂದಿನ ಸಲ ಇಲ್ಲಿಂದಲೇ ಹೇಳುತ್ತೇನೆ ಎನ್ನುತ್ತಾನೆ. ಆಟ ಬಿಟ್ಟು ಹೊರಟರೆ, ಕಥೆ ಮುಗಿಯುವ ಮೊದಲೇ ಹೋಗಲೇ ಎಂದು ಕೇಳುತ್ತಾನೆ. ಮೊದಲ ಸಲ ಇವೆಲ್ಲ ಚಮತ್ಕಾರದಂತೆ ಕಿವಿಯ ಮೇಲೆ ಹಾದುಹೋಗಿದ್ದವು. ಕೇಳುಗ ಯಾರೆಂಬುದು ಗೊತ್ತಿದ್ದು ಅವನ್ನೇ ಕೇಳಿದಾಗ, ಫರಾಳ ಬಗ್ಗೆ ಅವನು ಎಲ್ಲಿ ಮಾತು ನುಂಗುತ್ತಾನೆ, ತನ್ನ ದರ್ಪವನ್ನು ಎಲ್ಲಿ ತಾನೇ ಹಂಗಿಸಿಕೊಳ್ಳುತ್ತಾನೆ ಎಂಬುದು ಬಿಡಿಬಿಡಿಯಾಗಿ ಕೇಳಿಸುತ್ತದೆ. ಆದ್ದರಿಂದ ಆಟದ ಆಯ್ಕೆಗಳಲ್ಲಿ ಉಪಶೀರ್ಷಿಕೆ ಇದ್ದರೆ ಹಾಕಿಕೊಳ್ಳಿರಿ, ಸಂಗೀತದ ಧ್ವನಿಯನ್ನು ಮಾತಿಗಿಂತ ಒಂದು ಮೆಟ್ಟಿಲು ಇಳಿಸಿರಿ, ಮನೆಯವರು ಧಾರಾವಾಹಿ ಹಚ್ಚದ ಹೊತ್ತು ನೋಡಿ ಕುಳಿತುಕೊಳ್ಳಿರಿ.

ಪಕ್ಕದಲ್ಲಿ ಹೊಸಬರು ಕುಳಿತಿದ್ದರೆ ಕೇಳುಗ ಯಾರೆಂದು ಬಾಯಿ ಬಿಡಬೇಡಿ. ಮೂರನೆಯ ಕೂಟದ ಹೊತ್ತಿಗೆ ಅಕ್ಕನ ಮಗ ಚುರುಮುರಿ ತಿನ್ನುವುದನ್ನು ನಿಲ್ಲಿಸಿ, "ಇವಾ ಯಾರ ಮುಂದ ಹೇಳಾಕತ್ತಾನ್ರಿ ಮಾಮಾ, ನಮ್ ಮುಂದ?" ಎಂದು ಕೇಳಿದ. ಆಡು, ಗೊತ್ತಾಗುತ್ತದೆ ಎಂದಷ್ಟೇ ಹೇಳಿ ಕಂಟ್ರೋಲರನ್ನು ಅವನ ಕೈಗೆ ಕೊಟ್ಟೆ. ಉಳಿದ ಆಟವನ್ನು ಆಡಿದವನು ಅವನೇ, ಲಿಫ್ಟಿನ ಕಾಳಗ ಮಾತ್ರ ನನ್ನ ಪಾಲಿಗೆ ಬಂತು.

ಮುಗಿದ ಮೇಲೆ ಮುಂದಿನ ಭಾಗಗಳಾದ 2004ರ 'ವಾರಿಯರ್ ವಿದಿನ್' ಮತ್ತು 2005ರ 'ದಿ ಟೂ ಥ್ರೋನ್ಸ್' ಆಟಗಳನ್ನು ಅದೇ ವಾರ ಹಚ್ಚಬೇಡಿರಿ. 'ವಾರಿಯರ್ ವಿದಿನ್' ಆಟದ ರಾಜಕುಮಾರ ಬೇರೆಯೇ ಮನುಷ್ಯನಂತೆ ಕಟುವಾಗಿದ್ದಾನೆ, ಕಾಳಗವೂ ಅದರಲ್ಲಿ ಮುಂದಿನ ಸಾಲಿಗೆ ಬರುತ್ತದೆ. ಈ ಆಟದ ರುಚಿ ಬಾಯಲ್ಲಿರುವಾಗ ಅದು ಹಿಡಿಸುವುದಿಲ್ಲ. ಡಿಸ್ಕನ್ನು ಯಂತ್ರದೊಳಗೆ ಬಿಡದೆ ತೆಗೆದು ಅದರ ಡಬ್ಬಿಗೆ ಹಾಕಿ, ವಾಯರುಗಳನ್ನು ಬಿಗಿಯಾಗಿ ಸುತ್ತದೆ ಅಗಲವಾಗಿ ಮಡಿಸಿ, ಅಡಾಪ್ಟರನ್ನು ಯಂತ್ರದ ಜೊತೆಗೇ ಒಂದೇ ಚೀಲದಲ್ಲಿ ಇಡಿರಿ. ನಾನು ಈ ಸಲ ಆ ಚೀಲದ ಮೇಲೆ ದಪ್ಪ ಅಕ್ಷರದಲ್ಲಿ "8.5 ವೋಲ್ಟ್" ಎಂದು ಬರೆದು ಅಂಟಿಸಿದ್ದೇನೆ.